ಗರಿಕೆಯ ನಡುವಿನ ಕಂದು ಕೊಡೆಗಳು

ಬಳ್ಳಾರಿಯನ್ನು ಬಿಟ್ಟು ಈಶಾನ್ಯಾಭಿಮುಖವಾಗಿ ಸಾಗುವ ರಸ್ತೆಯು ಹಗರಿ ಹೊಳೆಯನ್ನು ದಾಟಿ, ಹಾಲಹರವಿ, ಆಲೂರುಗಳ ಮೂಲಕ ಆದವಾನಿಯನ್ನು ಸೇರುತ್ತದೆ. ವೈಶಾಖದಲ್ಲಿ ಈ ದಾರಿಯಲ್ಲಿ ಬಂದವರಿಗೆ ಕಾಣುವುದು ಬಾಯ್ಬಿಟ್ಟ ಎರೆಹೊಲ, ಅಲ್ಲಲ್ಲಿ ಬೇವು ಮತ್ತು ಬಳ್ಳಾರಿ ಜಾಲಿ, ದೂರದಲ್ಲಿ ಯಾರೋ ಪೇರಿಸಿಟ್ಟು ಮರೆತುಹೋದಂತಿರುವ ಗುಂಡುಗಲ್ಲುಗಳ ಬೆಟ್ಟ. ವರ್ಷದ ಮಳೆ 600 ಮಿಲಿಮೀಟರಿನ ಆಚೀಚೆ, ಅದನ್ನೂ ನಂಬುವಂತಿಲ್ಲ. ಹಸಿರನ್ನು ನೋಡಬೇಕೆಂದು ಈ ಕಡೆಗೆ ಯಾರೂ ಪ್ರವಾಸ ಬರುವುದಿಲ್ಲ. ಯಾತ್ರಿಕರು ಮಂತ್ರಾಲಯದ ಬೃಂದಾವನಕ್ಕೆ ಹೋಗುತ್ತಾರೆ, ವ್ಯಾಪಾರಿಗಳು ಆದವಾನಿಯ ಹತ್ತಿ ಮಾರುಕಟ್ಟೆಗೆ ಬರುತ್ತಾರೆ, ಇತಿಹಾಸದಲ್ಲಿ ಆಸಕ್ತಿಯುಳ್ಳವರು ಬೆಟ್ಟದ ಕೋಟೆಯನ್ನೂ ಸಿದ್ದಿ ಮಸೂದ್ ಖಾನನ ಕಾಲದ ಜಾಮಿಯಾ ಮಸೀದಿಯನ್ನೂ ನೋಡಿ ಹಿಂದಿರುಗುತ್ತಾರೆ.

ಆದರೆ ಶ್ರಾವಣದ ಎರಡು ಮಳೆ ಬಿದ್ದ ಮೇಲೆ ಈ ಸೀಮೆ ಬೇರೆಯಾಗುತ್ತದೆ. ತುಂಗಭದ್ರೆಯ ಕೆಳಮಟ್ಟದ ಕಾಲುವೆಗೆ ನೀರು ಬಂದು ಹೊಳಗುಂದಿ, ಕೌತಾಳಗಳ ಕಡೆಯ ಏರಿಗಳು ಹಸಿರಾಗುತ್ತವೆ. ಶಾಲೆಯ ಬಯಲಿನಲ್ಲಿ ಬೋರಿಂಗ್ ನೀರು ಹರಿದ ಕಡೆ, ಗುಡಿಯ ಹಿಂದೆ, ಊರ ಉದ್ಯಾನದ ಬೇಲಿಯೊಳಗೆ, ಮಂತ್ರಾಲಯದ ವಸತಿಗೃಹಗಳ ಮುಂದೆ ನೀರುಣಿಸಿ ಬೆಳೆಸಿದ ಹುಲ್ಲುಹಾಸಿನಲ್ಲಿ ಗರಿಕೆ ಚಿಗುರುತ್ತದೆ. ಚೌತಿಯ ಹಿಂದಿನ ದಿನ ಗಣಪತಿಗೆ 21 ಗರಿಕೆ ತರಲು ಮನೆಯವರು ಮಕ್ಕಳನ್ನು ಅಟ್ಟುವುದು ಇಂತಹ ಜಾಗಗಳಿಗೇ. ಕನ್ನಡದ ಮನೆಯಲ್ಲಿ ಅದು ಗರಿಕೆ, ಪಕ್ಕದ ತೆಲುಗು ಮನೆಯಲ್ಲಿ ಗರಿಕ. ಮಕ್ಕಳು ಒಟ್ಟಿಗೇ ಹೋಗುತ್ತಾರೆ. ಗರಿಕೆಯನ್ನು ಚಿವುಟಲು ಬಾಗಿದ ಕಣ್ಣಿಗೆ ಹುಲ್ಲಿನ ನಡುವೆ ಇನ್ನೊಂದು ಬೆಳೆ ಕಾಣಿಸುತ್ತದೆ. ಬೆರಳೆತ್ತರದ ತೆಳು ಕಾಲು, ಅದರ ಮೇಲೆ ಎಂಟಾಣೆಯಷ್ಟೋ ರೂಪಾಯಿಯಷ್ಟೋ ಅಗಲದ ಕಂದು ಟೊಪ್ಪಿಗೆ. ನಿನ್ನೆ ಇರಲಿಲ್ಲ, ನಾಳೆ ಇರುವುದೆಂಬ ಭರವಸೆಯಿಲ್ಲ.

ಇದಕ್ಕೆ ಕನ್ನಡದ ಮಕ್ಕಳು ನಾಯಿಕೊಡೆ ಎನ್ನುತ್ತಾರೆ. ತೆಲುಗಿನ ಮಕ್ಕಳು ಕುಕ್ಕಗೊಡುಗು ಎನ್ನುತ್ತಾರೆ. ಅದೂ ನಾಯಿಯ ಕೊಡೆಯೇ. ತಮಿಳಿನಲ್ಲಿ ನಾಯ್ಕುಡೈ, ಹಿಂದಿಯಲ್ಲಿ ಕುಕುರ್‌ಮುತ್ತಾ. ಅಲ್ಲಿಯೂ ನಾಯಿ ತಪ್ಪಿಲ್ಲ. ಪಾಪದ ಪ್ರಾಣಿಯ ತಲೆಗೆ ಇಷ್ಟೊಂದು ಭಾಷೆಗಳು ಏಕೆ ಈ ಕೊಡೆಯನ್ನು ಹಿಡಿದವೋ! ತಿನ್ನಲು ಯೋಗ್ಯವಾದುದಕ್ಕೆ ಮಾತ್ರ ಜನ ಗೌರವದ ಹೆಸರನ್ನು ಕೊಟ್ಟಿದ್ದಾರೆ. ಕನ್ನಡದಲ್ಲಿ ಅದು ಅಣಬೆ. ತೆಲುಗಿನಲ್ಲಿ ಪುಟ್ಟಗೊಡುಗು, ಎಂದರೆ ಹುತ್ತದ ಕೊಡೆ. ಹಳಗನ್ನಡದ ಪುತ್ತು ಕಾಲಾಂತರದಲ್ಲಿ ಹುತ್ತವಾಯಿತು, ತೆಲುಗಿನ ಪುಟ್ಟದಲ್ಲಿ ಪಕಾರ ಹಾಗೆಯೇ ಉಳಿಯಿತು. 1953ರ ಅಕ್ಟೋಬರ್ 1ರಂದು ಹಳೆಯ ಬಳ್ಳಾರಿ ಜಿಲ್ಲೆ ಒಡೆದು, ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆಂಧ್ರಕ್ಕೂ ಉಳಿದವು ಮೈಸೂರಿಗೂ ಸೇರಿದವು. ಗೆರೆ ಎಳೆದವರು ಗರಿಕೆಯನ್ನಾಗಲಿ ಅಣಬೆಯನ್ನಾಗಲಿ ಕೇಳಿರಲಿಲ್ಲ.

ಹುಲ್ಲಿನ ಮೇಲೆ ಕಾಣುವ ಕೊಡೆ ಶಿಲೀಂಧ್ರದ ಫಲ ಮಾತ್ರ. ಮಾವಿನ ಮರಕ್ಕೆ ಮಾವಿನ ಹಣ್ಣಿದ್ದಂತೆ. ನಿಜವಾದ ಶರೀರ ಮಣ್ಣಿನೊಳಗೆ ನೂಲಿಗಿಂತ ತೆಳುವಾದ ಎಳೆಗಳ ಜಾಲವಾಗಿ ಹರಡಿರುತ್ತದೆ. ಸತ್ತ ಬೇರು, ಒಣಗಿದ ಹುಲ್ಲು, ಸಗಣಿಯ ಪುಡಿ ಅದರ ಆಹಾರ. ಬೇಸಿಗೆಯುದ್ದಕ್ಕೂ ಅದು ಸುಮ್ಮನಿದ್ದು, ನೆಲ ನೆನೆದು ಒಂದೆರಡು ದಿನ ಮೋಡ ಕವಿದರೆ ಒಮ್ಮೆಗೇ ತಲೆಯೆತ್ತುತ್ತದೆ. ಕೊಡೆಯ ಕೆಳಗಿರುವ ಮಡಿಕೆಗಳಿಗೆ ಕಿವಿರುಗಳೆಂದು ಹೆಸರು. ಅಲ್ಲಿಂದ ಉದುರುವ ಬೀಜಕಗಳು ಧೂಳಿಗಿಂತ ಸಣ್ಣವು. ಗಾಳಿ ಅವುಗಳನ್ನು ಹೊತ್ತೊಯ್ಯುತ್ತದೆ. ಆದ್ದರಿಂದ ಹುಲ್ಲಿನಲ್ಲಿ ಅಣಬೆ ಕಂಡರೆ ನೆಲ ಕೆಟ್ಟಿತೆಂದು ಭಾವಿಸಿ ಔಷಧ ಹೊಡೆಯುವುದು ವ್ಯರ್ಥ. ಕೊಡೆಯನ್ನು ಕಿತ್ತರೂ ಮರ ಅಲ್ಲಿಯೇ ಇರುತ್ತದೆ.

ಪುಟ್ಟದಾಗಿ ಕಂದಾಗಿರುವುದೆಲ್ಲವೂ ಒಂದೇ ಎಂದು ತಿಳಿಯುವುದು ಸುಲಭ. ಅಣಬೆಯನ್ನೇ ಜೀವಮಾನವಿಡೀ ಓದಿದ ಪಂಡಿತರೂ ಈ ಗುಂಪಿನ ಮುಂದೆ ಕೈಕಟ್ಟಿ ನಿಲ್ಲುತ್ತಾರೆ; ಸೂಕ್ಷ್ಮದರ್ಶಕವಿಲ್ಲದೆ ಜಾತಿಯನ್ನು ಹೇಳಲಾಗದವು ಇದರಲ್ಲಿ ಬಹಳ. ಆದರೂ ಕುಲವನ್ನು ಗುರುತಿಸುವಷ್ಟು ದೂರ ಒಬ್ಬ ಏಳನೆಯ ತರಗತಿಯ ವಿದ್ಯಾರ್ಥಿಯೂ ಹೋಗಬಹುದು. ಅದಕ್ಕೆ ಬೇಕಾದುದು ಬೆಳಗಿನ ಹೊತ್ತು ಮತ್ತು ತಾಳ್ಮೆ.

ಬೆಳಗಿನ ಹೊತ್ತು ಏಕೆಂದರೆ, ಕಾನೊಸೈಬಿ ಎಂಬ ಕುಲದವು ಸೂರ್ಯನಿಗೆ ಹೆದರುತ್ತವೆ. ಅವುಗಳ ಟೊಪ್ಪಿಗೆ ಶಂಕುವಿನಾಕಾರ. ಬಣ್ಣ ಕೆನೆಯಿಂದ ದಾಲ್ಚಿನ್ನಿಯವರೆಗೆ. ಕಾಲು ಎಷ್ಟು ತೆಳುವೆಂದರೆ ಮುಟ್ಟಿದರೆ ಮುರಿಯುತ್ತದೆ. ಇಬ್ಬನಿಯಲ್ಲಿ ನೆಟ್ಟಗೆ ನಿಂತದ್ದು ಬಿಸಿಲೇರುವುದರೊಳಗೆ ಬಾಡಿ ಹುಲ್ಲಿಗೆ ಒರಗುತ್ತದೆ. ಪ್ಯಾರಸೋಲಾ ಎಂಬುದರ ಆಯುಷ್ಯವೂ ಅಷ್ಟೇ. ಅದರ ಟೊಪ್ಪಿಗೆಯ ಮೇಲೆ ನಡುವಿನಿಂದ ಅಂಚಿನವರೆಗೆ ಸೀರೆಯ ನೆರಿಗೆಯಂತಹ ಗೆರೆಗಳು. ಅರಳಿದಾಗ ಕಾಗದದಷ್ಟು ತೆಳುವಾಗಿ, ಬೆಳಕು ಅದರ ಮೂಲಕವೇ ಹಾಯುತ್ತದೆ. ಕೊಡೆ ಎಂಬ ಹೆಸರು ನಿಜಕ್ಕೂ ಒಪ್ಪುವುದು ಇದಕ್ಕೆ.

ಬಯಲಿನಲ್ಲಿ ಬಿಸಿಲಿಗೆ ಅಷ್ಟು ಬೇಗ ಸೋಲದೆ ನಿಲ್ಲುವುದು ಅಗ್ರೊಸೈಬಿ ಪೀಡಿಯಾಡಿಸ್. ಗುಂಡಿಯನ್ನು ಅರ್ಧಕ್ಕೆ ಕತ್ತರಿಸಿಟ್ಟಂತಹ ನುಣುಪಾದ ಟೊಪ್ಪಿಗೆ, ಬೆಲ್ಲದ ಬಣ್ಣ, ಒಂದರಿಂದ ಮೂರು ಸೆಂಟಿಮೀಟರ್ ಅಗಲ. ಅದರ ಹೆಸರಿನ ಉತ್ತರಾರ್ಧದಲ್ಲಿ ಬಯಲು ಎಂಬರ್ಥದ ಗ್ರೀಕ್ ಮಾತಿದೆ. ಲೋಕದ ಬೆಚ್ಚಗಿನ ಸೀಮೆಗಳ ಹುಲ್ಲುಗಾವಲುಗಳಲ್ಲೆಲ್ಲ ಹರಡಿರುವ ಈ ಅಣಬೆಗೆ ಎರೆಸೀಮೆಯ ಶಾಲೆಯ ಬಯಲೂ ತವರೇ.

ದನ ಕಟ್ಟಿದ ಜಾಗದಲ್ಲಿ, ಸಗಣಿಗೊಬ್ಬರ ಹಾಕಿದ ಹುಲ್ಲುಹಾಸಿನಲ್ಲಿ ಪನೇಯೊಲಸ್ ಬರುತ್ತದೆ. ಇದರ ಟೊಪ್ಪಿಗೆ ಗಂಟೆಯ ಆಕಾರದ್ದು. ಈ ಕುಲದ ಕೆಲವು ಜಾತಿಗಳು ನೆನೆದಾಗ ಒಂದು ಬಣ್ಣ, ಒಣಗಿದಾಗ ಇನ್ನೊಂದು ಬಣ್ಣ ತಾಳುತ್ತವೆ. ಒದ್ದೆಯಲ್ಲಿ ಕಡುಗಂದಾಗಿದ್ದುದು ನಡುವಿನಿಂದ ಬಿಳಿಚುತ್ತ ಬಂದು ಅಂಚಿನಲ್ಲಿ ಮಾತ್ರ ಗಾಢವಾದ ಬಳೆಯೊಂದನ್ನು ಉಳಿಸಿಕೊಳ್ಳುತ್ತದೆ. ಬೆಳಿಗ್ಗೆ ಕಂಡದ್ದೇ ಮಧ್ಯಾಹ್ನ ಬೇರೊಂದು ಅಣಬೆಯೆಂದು ತೋರುವುದು ಹೀಗೆ. ಅದನ್ನು ಮಗುಚಿ ನೋಡಿದರೆ ಕಿವಿರುಗಳು ಒಂದೇ ಬಣ್ಣದಲ್ಲಿರದೆ ಬೂದಿ ಮತ್ತು ಕಪ್ಪಿನ ಮಚ್ಚೆಗಳಾಗಿ ಕಾಣುತ್ತವೆ. ಬೀಜಕಗಳು ಒಟ್ಟಿಗೆ ಮಾಗದೆ ತಂಡತಂಡವಾಗಿ ಮಾಗುವುದೇ ಇದಕ್ಕೆ ಕಾರಣ. ಈ ಕುಲದ ಕೆಲವು ಜಾತಿಗಳಲ್ಲಿ ಮತಿಯನ್ನು ಕದಡುವ ರಾಸಾಯನಿಕವಿದೆಯೆಂಬುದನ್ನೂ ಇಲ್ಲಿಯೇ ಹೇಳಿಬಿಡಬೇಕು. ಒಣಕಲು ಬಿಸ್ಕತ್ತಿನಂತೆ ಪುಡಿಯಾಗುವ ಸತಿರೆಲ್ಲಾ ಇನ್ನೊಂದು ಕುಲ; ಹೆಸರಿನ ಮೂಲಾರ್ಥವೂ ಪುಡಿಯಾಗುವುದು ಎಂದೇ.

ಮರದ ನೆರಳು ಬಿದ್ದ ಹುಲ್ಲಿನಲ್ಲಿ ಮಾತ್ರ ಇನ್ನಷ್ಟು ಎಚ್ಚರ ಬೇಕು. ಇನೊಸೈಬಿ ಕುಲದವು ಮರದ ಬೇರಿನೊಡನೆ ಕೂಡಿ ಬಾಳುವವು. ಟೊಪ್ಪಿಗೆಯ ಮೇಲೆ ನಡುವಿನಿಂದ ಅಂಚಿಗೆ ಎಳೆದ ನಾರಿನಂತಹ ಗೀರುಗಳು, ನಡುವೆ ಮೊಲೆಯಂತಹ ಉಬ್ಬು, ಬೀಜಕಗಳು ಮಣ್ಣುಗಂದು. ಅದರಲ್ಲಿ ವಿಷವುಳ್ಳವು ಅನೇಕ.

ಮೇಲಿನ ಬಣ್ಣ ಮೋಸಮಾಡುತ್ತದೆ, ಬೀಜಕದ ಬಣ್ಣ ಮೋಸಮಾಡುವುದು ಕಡಿಮೆ. ಅದನ್ನು ನೋಡಲು ಪ್ರಯೋಗಶಾಲೆ ಬೇಕಿಲ್ಲ. ಅರ್ಧ ಬಿಳಿಯ ಹಾಳೆ ಮತ್ತು ಅರ್ಧ ಕಪ್ಪು ಹಾಳೆಯನ್ನು ಅಂಟಿಸಿ, ಕಾಲನ್ನು ಕತ್ತರಿಸಿದ ಟೊಪ್ಪಿಗೆಯನ್ನು ಕಿವಿರು ಕೆಳಗಾಗುವಂತೆ ಎರಡೂ ಬಣ್ಣಗಳ ಮೇಲೆ ಬರುವ ಹಾಗೆ ಇಟ್ಟು, ಮೇಲೆ ಒಂದು ಹನಿ ನೀರು ಹಾಕಿ, ಗಾಜಿನ ಲೋಟವನ್ನು ಕವುಚಬೇಕು. ಅಡಿಗೆಗೆ ಬಳಸುವ ಲೋಟ ಬೇಡ. ರಾತ್ರಿ ಕಳೆದು ಟೊಪ್ಪಿಗೆಯನ್ನು ಎತ್ತಿದರೆ ಕಿವಿರುಗಳ ಚಕ್ರವು ಹಾಳೆಯ ಮೇಲೆ ರಂಗೋಲಿಯಂತೆ ಮೂಡಿರುತ್ತದೆ. ಪನೇಯೊಲಸ್ ಮತ್ತು ಪ್ಯಾರಸೋಲಾಗಳದು ಕಾಡಿಗೆಯ ಕಪ್ಪು. ಕಾನೊಸೈಬಿಯದು ತುಕ್ಕಿನ ಬಣ್ಣ. ಅಗ್ರೊಸೈಬಿಯದು ಹೊಗೆಸೊಪ್ಪಿನ ಕಂದು. ಸತಿರೆಲ್ಲಾದ್ದು ನೇರಳೆ ಬೆರೆತ ಕಡುಗಂದು. ಹುಲ್ಲಿನಲ್ಲಿ ಒಡಹುಟ್ಟಿದವರಂತೆ ನಿಂತಿದ್ದ ನಾಲ್ಕು ಕೊಡೆಗಳು ಹಾಳೆಯ ಮೇಲೆ ನಾಲ್ಕು ಮನೆತನದವೆಂದು ತಾವೇ ಬರೆದುಕೊಡುತ್ತವೆ. ವಿಜ್ಞಾನದ ತರಗತಿಯಲ್ಲಿ ಹಣ ಖರ್ಚಿಲ್ಲದೆ ಮಾಡಬಹುದಾದ ಪ್ರಯೋಗಗಳಲ್ಲಿ ಇದಕ್ಕಿಂತ ಚೆಲುವಾದದ್ದು ವಿರಳ.

ಈ ಹಾಳೆಯ ಕೆಳಗೆ ಏನೆಂದು ಬರೆಯಬೇಕು? ಕನ್ನಡ ಮಾಧ್ಯಮದ ಮಗು ಬೀಜಕ ಎಂದು ಬರೆಯುತ್ತದೆ. ಅದೇ ಮಗು ಮುಂದೆ ತೆಲುಗು ಮಾಧ್ಯಮದ ಕಾಲೇಜಿಗೆ ಹೋದರೆ ಅದಕ್ಕೆ ಸಿದ್ಧಬೀಜಂ ಎಂದು ಕೇಳುತ್ತದೆ, ಇಂಗ್ಲಿಷಿನಲ್ಲಿ ಓದಿದರೆ ಸ್ಪೋರ್ ಎಂದು. ಶಿಲೀಂಧ್ರ ಎಂಬ ಮಾತು ಮಾತ್ರ ಕನ್ನಡಕ್ಕೂ ತೆಲುಗಿಗೂ ಒಂದೇ. ಗಡಿಯ ಮಕ್ಕಳಿಗೆ ಪ್ರತಿಯೊಂದು ಪಾಠದಲ್ಲಿಯೂ ಇರುವ ಈ ಮೂರುಪಟ್ಟು ಹೊರೆಯನ್ನು ತಂದೆತಾಯಿಗಳು ಬಲ್ಲರು. ಕೈಯಾರೆ ಲೋಟ ಎತ್ತಿ ಆ ಕಪ್ಪು ಚಕ್ರವನ್ನು ಕಂಡ ಮಗುವಿಗೆ ಮೂರು ಹೆಸರುಗಳು ಒಂದು ವಸ್ತುವಿಗೆ ಅಂಟಿಕೊಳ್ಳುತ್ತವೆ. ಕಾಣದ ಮಗುವಿಗೆ ಅವು ಮೂರು ಬೇರೆ ಬಾಯಿಪಾಠಗಳು.

ಇಷ್ಟೆಲ್ಲ ಗುರುತಿಸಿದ ಮೇಲೂ ಹುಲ್ಲಿನ ಕಂದು ಅಣಬೆಯನ್ನು ತಿನ್ನುವ ಮಾತಿಲ್ಲ. ಕುಲವನ್ನು ಅರಿಯುವುದಕ್ಕೂ ವಿಷವಿಲ್ಲವೆಂದು ಹೇಳುವುದಕ್ಕೂ ನಡುವೆ ದೊಡ್ಡ ಹಳ್ಳವಿದೆ. ಅಮೆರಿಕದ ಹುಲ್ಲುಹಾಸುಗಳಲ್ಲಿ ಬೆಳೆಯುವ, ಕಾನೊಸೈಬಿಯ ಹತ್ತಿರದ ನೆಂಟನಾದ ಒಂದು ಪುಟ್ಟ ಅಣಬೆಯಲ್ಲಿ ಯಕೃತ್ತನ್ನು ಕೊಲ್ಲುವ ಅಮಟಾಕ್ಸಿನ್ ಇದೆ. ಅದರ ಅಪಾಯವಿಲ್ಲದ ಸಂಬಂಧಿಕರು ಬರಿಗಣ್ಣಿಗೆ ಅದರಂತೆಯೇ ಕಾಣುತ್ತಾರೆ.

ಎರೆಸೀಮೆಯ ಜನಕ್ಕೆ ಅಣಬೆ ತಿನ್ನುವ ರೂಢಿಯೇ ಇಲ್ಲವೆಂದಲ್ಲ. ತಿನ್ನುವುದು ಹುತ್ತದ್ದನ್ನು. ಗೆದ್ದಲು ತನ್ನ ಹುತ್ತದೊಳಗೆ ಶಿಲೀಂಧ್ರದ ತೋಟವನ್ನು ಬೆಳೆಸುತ್ತದೆ. ಸುಮಾರು 3 ಕೋಟಿ ವರ್ಷಗಳಿಂದ ನಡೆದುಬಂದ ಬೇಸಾಯವಿದು. ಫ್ರಾನ್ಸಿನ ವಿಜ್ಞಾನಿ ರೋಜರ್ ಹೀಮ್ 1942ರಲ್ಲಿ ಈ ಕುಲಕ್ಕೆ ಟರ್ಮಿಟೊಮೈಸಿಸ್ ಎಂದು ಹೆಸರಿಟ್ಟ. ಮಳೆ ಹಿಡಿದಾಗ ಆ ತೋಟದಿಂದ ಕೊಡೆಗಳು ಮೇಲೇಳುತ್ತವೆ. ಕನ್ನಡದ ಹೆಂಗಸರು ಶ್ರಾವಣದ ನಾಗರಪಂಚಮಿಗೆ ಹುತ್ತಕ್ಕೆ ಹಾಲೆರೆಯಲು ಹೋಗುವ ಕಾಲವೂ ಅದೇ. ತೆಲುಗಿನವರ ನಾಗುಲಚವಿತಿ ಕಾರ್ತಿಕದಲ್ಲಿ ಬರುವ ಹೊತ್ತಿಗೆ ಅಣಬೆಯ ಋತು ಮುಗಿದಿರುತ್ತದೆ. ಹುತ್ತದ ಅಣಬೆಯನ್ನು ಬಲ್ಲ ಹಿರಿಯರು ಅದನ್ನು ಬಣ್ಣದಿಂದ ಗುರುತಿಸುವುದಿಲ್ಲ. ಟೊಪ್ಪಿಗೆಯ ನಡುವಿನ ಮೊನೆಯನ್ನು ನೋಡುತ್ತಾರೆ. ಕಾಲನ್ನು ನಿಧಾನವಾಗಿ ಎಳೆದು, ಅದು ಬೇರಿನಂತೆ ಮಣ್ಣಿನ ಆಳಕ್ಕೆ ಇಳಿದಿದೆಯೇ ಎಂದು ನೋಡುತ್ತಾರೆ. ಎಲ್ಲಕ್ಕಿಂತ ಹೆಚ್ಚಾಗಿ, ಹೋದ ವರ್ಷ ಇದೇ ಹುತ್ತದಲ್ಲಿ ಬಂದಿತ್ತೇ ಎಂಬುದನ್ನು ನೆನೆಯುತ್ತಾರೆ. ಅದು ಒಂದು ಹುತ್ತದ, ಒಂದು ಹೊಲದ ಜ್ಞಾನ.

ಆ ಜ್ಞಾನವನ್ನು ಮೂಟೆಕಟ್ಟಿ ಒಯ್ಯಲು ಬರುವುದಿಲ್ಲ. ಕೋಸಿಗಿ, ಕೌತಾಳ, ಮಂತ್ರಾಲಯ ಮಂಡಲಗಳಿಂದ ಮಳೆ ಕೈಕೊಟ್ಟ ವರ್ಷ ಕುಟುಂಬಗಳು ಮಕ್ಕಳೊಂದಿಗೆ ಗುಂಟೂರಿನ ಮೆಣಸಿನಕಾಯಿ ಹೊಲಗಳಿಗೆ, ತೆಲಂಗಾಣದ ಹತ್ತಿ ಬಿಡಿಸುವ ಕೆಲಸಕ್ಕೆ ವಲಸೆ ಹೋಗುತ್ತವೆ. ಕಂಡರಿಯದ ನೆಲದಲ್ಲಿ ಕಂಡಂತಿರುವ ಅಣಬೆಯೊಂದು ಎದುರಾದಾಗ ಕೈ ತಾನಾಗಿ ಮುಂದೆ ಹೋಗುತ್ತದೆ. ಲೋಕದ ಬೇರೆ ಕಡೆ ಆದ ಸಾವುಗಳ ಕಥೆಯೂ ಹೀಗೆಯೇ ಇದೆ. ಆಸ್ಟ್ರೇಲಿಯಾದ ಕ್ಯಾನ್‌ಬೆರಾದಲ್ಲಿ 2012ರ ಹೊಸವರ್ಷದ ಸಮಯದಲ್ಲಿ ಮರಣಟೊಪ್ಪಿಗೆ ಎಂಬ ಕುಖ್ಯಾತ ಅಣಬೆಯನ್ನು ಉಂಡು ಇಬ್ಬರು ಸತ್ತರು. ಏಷ್ಯಾದಿಂದ ಅಲ್ಲಿಗೆ ಹೋಗಿ ನೆಲೆಸಿದವರ ಕಣ್ಣಿಗೆ ಆ ಅಣಬೆ ತಮ್ಮೂರಿನ ಭತ್ತದ ಹುಲ್ಲಿನ ಅಣಬೆಯಂತೆ ತೋರುವುದೇ ಅದರ ದೊಡ್ಡ ಅಪಾಯವೆಂದು ಅಲ್ಲಿನ ವೈದ್ಯರು ಎಚ್ಚರಿಸುತ್ತಾರೆ. 2022ರ ಏಪ್ರಿಲ್ ತಿಂಗಳಲ್ಲಿ ಅಸ್ಸಾಮಿನ ಮೇಲ್ಭಾಗದ ಜಿಲ್ಲೆಗಳಲ್ಲಿ ಕಾಡಿನ ಅಣಬೆ ಉಂಡು ಕೆಲವೇ ದಿನಗಳಲ್ಲಿ 13 ಜನ ಪ್ರಾಣಬಿಟ್ಟರು. ಬಹುಪಾಲು ಚಹಾ ತೋಟದ ಕುಟುಂಬಗಳವರು.

ಇದಕ್ಕೆ ಹಳೆಯ ಪರೀಕ್ಷೆಗಳು ಉತ್ತರವಲ್ಲ. ಬೆಳ್ಳಿಯ ನಾಣ್ಯ ಹಾಕಿ ಕುದಿಸಿದರೆ ವಿಷವಿದ್ದಲ್ಲಿ ಕಪ್ಪಾಗುತ್ತದೆ, ಬೆಳ್ಳುಳ್ಳಿ ಬಣ್ಣಗೆಡುತ್ತದೆ, ಹುಳು ತಿಂದದ್ದನ್ನು ಮನುಷ್ಯ ತಿನ್ನಬಹುದು ಎಂಬ ಮಾತುಗಳು ದೇಶದೇಶಗಳಲ್ಲಿ ಇವೆ. ಒಂದೂ ನಿಜವಲ್ಲ. ಅಮಟಾಕ್ಸಿನ್ ಬೆಳ್ಳಿಯನ್ನು ಕಪ್ಪುಮಾಡುವುದಿಲ್ಲ. ಗಂಟೆಗಟ್ಟಲೆ ಕುದಿಸಿದರೂ ಹಾಳಾಗುವುದಿಲ್ಲ. ಅದನ್ನು ಮೇಯ್ದ ಹುಳು ಸುಖವಾಗಿರುತ್ತದೆ. ಇನ್ನೂ ಕ್ರೂರವಾದುದು ಅದರ ನಿಧಾನ. ತಿಂದ ಆರು ಗಂಟೆಯಿಂದ ಒಂದು ದಿನದವರೆಗೆ ಏನೂ ಆಗುವುದಿಲ್ಲ. ಆಮೇಲೆ ವಾಂತಿಭೇದಿ, ಅದು ಇಳಿದು ರೋಗಿ ಚೇತರಿಸಿಕೊಂಡಂತೆ ಎದ್ದು ಕೂರುತ್ತಾನೆ, ಮನೆಯವರು ಗಂಡಾಂತರ ಕಳೆಯಿತೆಂದು ನಿಟ್ಟುಸಿರು ಬಿಡುತ್ತಾರೆ. ಯಕೃತ್ತು ಕುಸಿಯುವುದು ಆ ಬಿಡುವಿನಲ್ಲಿಯೇ.

ಇನೊಸೈಬಿಯ ವಿಷದ ರೀತಿ ಬೇರೆ, ಹತ್ತಿಯ ಸೀಮೆಯವರಿಗೆ ಅದು ಅಪರಿಚಿತವೂ ಅಲ್ಲ. ತಿಂದ ಎರಡು ಗಂಟೆಯೊಳಗಾಗಿ ಬೆವರು ಕಿತ್ತು ಬರುತ್ತದೆ, ಬಾಯಲ್ಲಿ ಜೊಲ್ಲು ಸುರಿಯುತ್ತದೆ, ಕಣ್ಣಪಾಪೆ ಸೂಜಿಮೊನೆಯಷ್ಟಾಗುತ್ತದೆ, ನಾಡಿ ನಿಧಾನವಾಗುತ್ತದೆ. ಮೋನೊಕ್ರೊಟೊಫಾಸ್‌ನಂತಹ ಔಷಧವನ್ನು ಹತ್ತಿಗೆ ಹೊಡೆಯುವಾಗ ಗಾಳಿಗೆ ಎದುರು ನಿಂತ ರೈತ ಆಸ್ಪತ್ರೆಗೆ ಬರುವುದು ಇದೇ ಸ್ಥಿತಿಯಲ್ಲಿ. ದೇಹದೊಳಗೆ ಎರಡು ವಿಷಗಳೂ ಹಿಡಿಯುವ ದಾರಿ ಬೇರೆಯಾದರೂ ತಟ್ಟುವ ಬಾಗಿಲು ಒಂದೇ. ಆದ್ದರಿಂದ ಎರಡಕ್ಕೂ ವೈದ್ಯರು ಕೈಗೆತ್ತಿಕೊಳ್ಳುವುದು ಅಟ್ರೊಪಿನ್. ಹುಲ್ಲುಹಾಸಿನ ಇನ್ನೊಂದು ಅಣಬೆ, ದೊಡ್ಡದಾಗಿ ಬೆಳೆಯುವ ಕ್ಲೋರೊಫಿಲಮ್ ಮಾಲಿಬ್ಡೈಟಿಸ್, ಎಳೆಯದಿರುವಾಗ ಕಂದು ಚಕ್ಕೆಗಳ ಮೊಟ್ಟೆಯಂತಿದ್ದು ತಿನ್ನುವ ಅಣಬೆಯೆಂದು ಆಸೆ ಹುಟ್ಟಿಸುತ್ತದೆ. ಮಾಗಿದಾಗ ಅದರ ಕಿವಿರುಗಳು ಬೂದುಹಸಿರಾಗುತ್ತವೆ. ಹಸಿರು ಬೀಜಕ ಅಣಬೆಗಳಲ್ಲಿ ತೀರ ಅಪರೂಪವಾದುದರಿಂದ ಆ ಗುರುತು ತಪ್ಪುವಂತಿಲ್ಲ. ತೊಂದರೆಯೆಂದರೆ ಎಳೆಯದರಲ್ಲಿ ಅದು ಇನ್ನೂ ಕಾಣಿಸಿರುವುದಿಲ್ಲ. ಉಂಡವರು ಕೆಲವೇ ಗಂಟೆಗಳಲ್ಲಿ ರಕ್ತ ಬರುವಷ್ಟು ವಾಂತಿಭೇದಿ ಮಾಡಿಕೊಳ್ಳುವುದುಂಟು. ಮಕ್ಕಳಿಗೆ ನೀರಿನಂಶ ಬತ್ತುವುದೇ ಪ್ರಾಣಾಪಾಯ.

ಕೈಯಲ್ಲಿ ಹಿಡಿದರೆ, ಮೂಸಿದರೆ, ಹಾಳೆಯ ಮೇಲಿಟ್ಟರೆ ಯಾವ ಅಣಬೆಯೂ ಕೊಲ್ಲುವುದಿಲ್ಲ. ಮುಟ್ಟಬೇಡ ಎಂದು ಗದರಿಸಿದ ಮಗು ಕದ್ದು ಮುಟ್ಟುತ್ತದೆ. ಮುಟ್ಟು, ನೋಡು, ಕೈ ತೊಳೆ, ಬಾಯಿಗೆ ಹಾಕಬೇಡ ಎಂದು ಹೇಳಿದ ಮಗು ಕೇಳುತ್ತದೆ. ಅಂಬೆಗಾಲಿಡುವ ಕೂಸಿಗೆ ಮಾತ್ರ ಈ ಉಪದೇಶ ನಾಟುವುದಿಲ್ಲವಾದ್ದರಿಂದ, ಕೂಸನ್ನು ಹುಲ್ಲಿನ ಮೇಲೆ ಬಿಡುವ ಮೊದಲು ರಾತ್ರಿ ಎದ್ದ ಕೊಡೆಗಳನ್ನು ಕಿತ್ತು ಹಾಕುವುದು ಹಿರಿಯರ ಕೆಲಸ.

ಒಂದು ವೇಳೆ ಮಗು ತಿಂದೇಬಿಟ್ಟರೆ ಲಕ್ಷಣಕ್ಕಾಗಿ ಕಾಯಬಾರದು. ಉಪ್ಪುನೀರು ಕುಡಿಸಿ ವಾಂತಿ ಮಾಡಿಸುವುದೂ ಬೇಡ. 108ಕ್ಕೆ ಕರೆಮಾಡಿ ಆದವಾನಿಯ ಅಥವಾ ಕರ್ನೂಲಿನ ಸರ್ಕಾರಿ ಆಸ್ಪತ್ರೆಗೆ ಹೊರಡಬೇಕು. ಉಳಿದ ಅಣಬೆಯನ್ನು, ತುಂಡಾಗಿದ್ದರೆ ತುಂಡನ್ನು, ಹುಲ್ಲಿನಲ್ಲಿ ಅದರ ಜೊತೆ ನಿಂತಿದ್ದ ಒಂದೆರಡನ್ನು ಬುಡಸಮೇತ ಎಬ್ಬಿಸಿ ಕಾಗದದ ಪೊಟ್ಟಣದಲ್ಲಿ ಒಯ್ಯಬೇಕು. ಪ್ಲಾಸ್ಟಿಕ್ ಚೀಲದಲ್ಲಿ ಅದು ಬೆವತು ಕೊಳೆತು ಗುರುತು ಸಿಗದಂತಾಗುತ್ತದೆ. ಎಷ್ಟು ಗಂಟೆಗೆ ತಿಂದದ್ದು, ಎಷ್ಟು ತಿಂದದ್ದು, ವಾಂತಿ ಆಗಿದ್ದರೆ ಯಾವಾಗ ಎಂಬುದನ್ನು ಒಂದು ಚೀಟಿಯಲ್ಲಿ ಬರೆದು ಪೊಟ್ಟಣದೊಳಗಿಡಬೇಕು. ಆಸ್ಪತ್ರೆಯ ಬಾಗಿಲಲ್ಲಿ ಗಾಬರಿಯಾದ ತಾಯಿ ನಾಯಿಕೊಡೆ ಎಂದರೆ ದಾದಿಗೆ ತಿಳಿಯದೆ ಹೋಗಬಹುದು. ಬರಿಯ ಪುಟ್ಟಗೊಡುಗು ಎಂದರೆ ಊಟದ ಅಣಬೆಯೆಂದು ತಿಳಿದಾರು. ಚೀಟಿಯಲ್ಲಿ ಕುಕ್ಕಗೊಡುಗು ಎಂದು ತೆಲುಗಿನ ಲಿಪಿಯಲ್ಲಿ ಬರೆದಿದ್ದರೆ ವೇಳೆ ಉಳಿಯುತ್ತದೆ. ಆ ಲಿಪಿಯಲ್ಲಿ ಬರೆಯಲು ಮನೆಯ ಶಾಲೆಯ ಮಗುವಿಗೆ ಬರುತ್ತದೆ.